ನಡೆಗಳಿಲ್ಲದ ಜೀವನಚರಿತ್ರೆ

ಕೆಲವು ವರ್ಷಗಳ ಹಿಂದೆ ನಮ್ಮ ತಾಲೂಕಿನ ಶಾಲಾ ಕ್ರೀಡಾಕೂಟದಲ್ಲಿ ಚೆಸ್ ಪಂದ್ಯಗಳನ್ನು ನೋಡಿಕೊಳ್ಳುವ ಕೆಲಸ ನನ್ನ ಪಾಲಿಗೆ ಬಂದಿತ್ತು. ಹೊರಗೆ ಮೈದಾನದಲ್ಲಿ ಕಬಡ್ಡಿ, ಖೋಖೋ ಗದ್ದಲ. ಒಳಗೆ ಒಂದು ಕೊಠಡಿಯಲ್ಲಿ ಬೆಂಚುಗಳ ಮೇಲೆ ಹಾಸಿದ ಪ್ಲಾಸ್ಟಿಕ್ ಮಣೆಗಳು. ಕೊನೆಯ ಸುತ್ತಿನಲ್ಲಿ ಒಂಬತ್ತನೆಯ ತರಗತಿಯ ಹುಡುಗಿಯೊಬ್ಬಳು ತನ್ನ ಆನೆಯನ್ನೇ ಬಲಿಕೊಟ್ಟು ಎದುರಾಳಿಯ ರಾಜನನ್ನು ಮಣೆಯ ನಡುವಿಗೆ ಎಳೆದು ತಂದಳು. ನೋಡುತ್ತ ನಿಂತಿದ್ದ ನನಗೆ ಮೈ ಜುಮ್ಮೆಂದಿತು. ಕೊನೆಗೆ ಒಂದು ಕುದುರೆಯ ನಡೆ ತಪ್ಪಿ ಆಕೆ ಸೋತಳು. ಪಂದ್ಯ ಮುಗಿದ ಮೇಲೆ, ಆ ಆಟವನ್ನು ಇನ್ನೊಮ್ಮೆ ತೋರಿಸು ಎಂದೆ. ಏಳೆಂಟು ನಡೆ ಇಟ್ಟಳು. ಆಮೇಲೆ ಕೈ ನಿಂತಿತು.

"ಬರ್ಕೊಂಡಿಲ್ಲೇನವಾ?"

"ಇಲ್ರಿ ಸರ್. ಯಾರೂ ಬರ್ಕೋ ಅಂದಿಲ್ರಿ."

ಹೇಳಬೇಕಾಗಿದ್ದವನು ನಾನೇ. ನಾನು ಹೇಳಿರಲಿಲ್ಲ. ಆ ದಿನದ ದಾಖಲೆಯಲ್ಲಿ ಅವಳ ಹೆಸರಿನ ಮುಂದೆ 'ದ್ವಿತೀಯ' ಎಂಬ ಒಂದೇ ಪದ ಉಳಿಯಿತು. ಆ ಆಟ ಹೋಯಿತು.

ಇದನ್ನು ಇಲ್ಲಿ ಹೇಳಲು ಕಾರಣವಿದೆ. ಚದುರಂಗದ ಆಟಗಾರರ ಬಗ್ಗೆ ಕನ್ನಡದಲ್ಲಿ ಬರುವ ಬರಹಗಳನ್ನು ಒಟ್ಟಿಗೆ ಇಟ್ಟು ಓದಿದರೆ, ಆ ಕೊಠಡಿಯಲ್ಲಿ ನಾನು ಮಾಡಿದ ತಪ್ಪನ್ನೇ ಅವೂ ಮಾಡುತ್ತಿರುವುದು ಕಾಣುತ್ತದೆ. ಅತಿ ಕಿರಿಯ, ರಾಜ್ಯದ ಮೊದಲಿಗ, ದೇಶದ ಎಪ್ಪತ್ತಾರನೆಯವ, ಇಷ್ಟು ರೇಟಿಂಗ್, ಇಷ್ಟು ಪದಕ. ಹುಟ್ಟಿದ ಊರು, ತಂದೆ ತಾಯಿಯ ತ್ಯಾಗ, ಮುಖ್ಯಮಂತ್ರಿಯ ಅಭಿನಂದನೆ. ಎಲ್ಲ ಇರುತ್ತದೆ, ಆ ಮನುಷ್ಯ ಆಡಿದ ಒಂದು ನಡೆ ಮಾತ್ರ ಇರುವುದಿಲ್ಲ. ಕುವೆಂಪು ಬಗ್ಗೆ ಒಂದು ಜೀವನಚರಿತ್ರೆ ಬರೆದು ಅದರಲ್ಲಿ ಅವರ ಒಂದು ಕವಿತೆಯನ್ನೂ ಚರ್ಚಿಸದೆ ಪ್ರಶಸ್ತಿಗಳ ಪಟ್ಟಿ ಕೊಟ್ಟರೆ ನಾವು ಒಪ್ಪುತ್ತೇವೆಯೇ? ಚದುರಂಗದ ಆಟಗಾರರ ವಿಷಯದಲ್ಲಿ ಮಾತ್ರ ಒಪ್ಪಿಬಿಟ್ಟಿದ್ದೇವೆ. ಆಟಗಾರ ಬರೆದ ಪಠ್ಯ ಎಂದರೆ ಅವನ ಆಟದ ದಾಖಲೆ. ಅದನ್ನು ಓದದೆ ಅವನ ಬಗ್ಗೆ ಬರೆಯುವುದು ವಿಮರ್ಶೆಯೂ ಅಲ್ಲ, ಚರಿತ್ರೆಯೂ ಅಲ್ಲ ಎಂಬುದು ನನ್ನ ವಾದ.

ನಮ್ಮಲ್ಲಿ ಹಿಂದೆ ಹೀಗಿರಲಿಲ್ಲ. ಕಲ್ಯಾಣ ಚಾಲುಕ್ಯರ ಮೂರನೆಯ ಸೋಮೇಶ್ವರ ಹನ್ನೆರಡನೆಯ ಶತಮಾನದಲ್ಲಿ ಸಂಸ್ಕೃತದಲ್ಲಿ ರಚಿಸಿದ 'ಮಾನಸೋಲ್ಲಾಸ'ದಲ್ಲಿ ಅಡುಗೆ, ಸಂಗೀತ, ಆನೆಗಳ ಜತೆಗೆ ಚದುರಂಗಕ್ಕೂ ಜಾಗವಿದೆ. ಇಂದಿನ ಯಲಬುರ್ಗಾ ಆಗ ಎರಂಬರಗೆ. ಅಲ್ಲಿಂದ ಆಳುತ್ತಿದ್ದ ಸಿಂದರು ಇದೇ ಚಾಲುಕ್ಯರ ಸಾಮಂತರು. ಅಂದರೆ ಚದುರಂಗವನ್ನು ಬರೆದಿಡಬೇಕಾದ ವಿದ್ಯೆ ಎಂದು ತಿಳಿದಿದ್ದ ರಾಜ್ಯದೊಳಗೆ ನಮ್ಮ ಈ ನೆಲವೂ ಇತ್ತು. ಅದಕ್ಕೂ ಮೊದಲು, ಒಂಬತ್ತನೆಯ ಶತಮಾನದ ಕಾಶ್ಮೀರದ ರುದ್ರಟ ತನ್ನ 'ಕಾವ್ಯಾಲಂಕಾರ'ದಲ್ಲಿ ಕುದುರೆಯ ನಡೆಯನ್ನೇ ಅನುಸರಿಸಿ ಅಕ್ಷರಗಳನ್ನು ಓದುವ ಚಿತ್ರಕಾವ್ಯದ ಮಾದರಿ ಕೊಟ್ಟಿದ್ದ. ಕಾವ್ಯಮೀಮಾಂಸೆಯ ವಿದ್ಯಾರ್ಥಿಗಳು ಇದನ್ನು ಒಂದು ಕಸರತ್ತು ಎಂದು ದಾಟಿಬಿಡುತ್ತಾರೆ. ಆದರೆ ಅಲ್ಲಿ ಒಂದು ದೊಡ್ಡ ಮಾತಿದೆ: ಕಾಯಿಯ ನಡೆಯನ್ನು ಅಕ್ಷರದಲ್ಲಿ ಹಿಡಿಯಬಹುದು, ಹಿಡಿದದ್ದನ್ನು ಇನ್ನೊಬ್ಬರು ಓದಬಹುದು.

ಮೈಸೂರಿನ ಮುಮ್ಮಡಿ ಕೃಷ್ಣರಾಜ ಒಡೆಯರು (1794–1868) ಇದೇ ದಾರಿಯಲ್ಲಿ ಬಹಳ ದೂರ ಹೋದವರು. ಅವರ 'ಶ್ರೀತತ್ತ್ವನಿಧಿ'ಯ ಕೌತುಕನಿಧಿ ಆಟಗಳಿಗೇ ಮೀಸಲು. ಕುದುರೆ ಅರವತ್ನಾಲ್ಕು ಮನೆಗಳನ್ನೂ ಒಂದೊಂದು ಸಲ ಮಾತ್ರ ಮುಟ್ಟುವ ಸಂಚಾರಗಳನ್ನು ಅವರು ರಚಿಸಿದರು. ಬ್ರಿಟಿಷರು ಆಡಳಿತವನ್ನು ಕೈಗೆ ತೆಗೆದುಕೊಂಡ ಮೇಲೆ ದಶಕಗಳ ಕಾಲ ಹೆಸರಿಗಷ್ಟೇ ರಾಜರಾಗಿದ್ದವರು ಅವರು. ರಾಜ್ಯದಲ್ಲಿ ನಡೆ ಇಡುವ ಅಧಿಕಾರವಿಲ್ಲದ ದೊರೆ ಮಣೆಯ ಮೇಲೆ ಒಂದು ಮನೆಯೂ ಬಿಟ್ಟುಹೋಗದಂತೆ ಕುದುರೆ ನಡೆಸಿದ್ದು ಏನನ್ನು ಹೇಳುತ್ತದೆ ಎಂದು ಓದುಗರು ಯೋಚಿಸಬಹುದು. ಅವರು ದೊಡ್ಡ ಆಟಗಾರರೋ ಅಲ್ಲವೋ ಎಂಬ ಪ್ರಶ್ನೆ ಇಲ್ಲಿ ಬೇಡ. ಅವರ ನಡೆಗಳು ಉಳಿದಿರುವುದರಿಂದಲೇ ಇಂಥದೊಂದು ಪ್ರಶ್ನೆ ಕೇಳಲು ನಮಗೆ ಸಾಧ್ಯವಾಗಿದೆ.

ಆಧುನಿಕ ಕನ್ನಡಕ್ಕೆ ಬಂದಾಗ ಚಿತ್ರ ಬದಲಾಗುತ್ತದೆ. 'ಚದುರಂಗ' ಎಂದೊಡನೆ ನಮ್ಮ ಸಾಹಿತ್ಯದ ವಿದ್ಯಾರ್ಥಿಗೆ ನೆನಪಾಗುವುದು ಆಟವಲ್ಲ, 'ವೈಶಾಖ'ದ ಕಾದಂಬರಿಕಾರ. ಆಟವೇ ಮುಖ್ಯವಾಗಿ ಬರುವ ಕೃತಿ ಎಂದರೆ ಗಿರೀಶ ಕಾರ್ನಾಡರ 'ತುಘಲಕ್' (1964). ಎರಡನೆಯ ದೃಶ್ಯದಲ್ಲಿ ಮಹಮ್ಮದ್ ಚದುರಂಗದ ಮಣೆಯ ಮುಂದೆ ಕುಳಿತಿದ್ದಾನೆ. ಹಳೆಯ ಅರಬ್ ಪಂಡಿತರೂ ಬಿಡಿಸಲಾಗದು ಎಂದಿದ್ದ ಒಂದು ಸಮಸ್ಯೆಯನ್ನು ಬಿಡಿಸಿದ ಸಂಭ್ರಮ ಅವನದು. ಮಲತಾಯಿಗೆ ಅದನ್ನು ಹೇಳುತ್ತಾನೆ. ಇದನ್ನು ಆಯಿನ್-ಉಲ್-ಮುಲ್ಕನಿಗೆ ತಿಳಿಸಬೇಕು ಎನ್ನುತ್ತಾನೆ. ಆ ಆಯಿನ್-ಉಲ್-ಮುಲ್ಕ ಸೈನ್ಯ ಕಟ್ಟಿಕೊಂಡು ದಿಲ್ಲಿಯ ಕಡೆಗೇ ಬರುತ್ತಿದ್ದಾನೆ.

ಈ ದೃಶ್ಯವನ್ನು ಸಾಮಾನ್ಯವಾಗಿ 'ತುಘಲಕ್ ರಾಜಕೀಯದ ಚತುರ ಆಟಗಾರ' ಎಂಬುದರ ಸೂಚನೆಯಾಗಿ ಪಾಠ ಮಾಡುತ್ತೇವೆ. ನಾನೂ ಹಾಗೆಯೇ ಪರೀಕ್ಷೆಯಲ್ಲಿ ಬರೆದವನು. ಆದರೆ ಚದುರಂಗ ಬಲ್ಲವರು ಒಂದು ವ್ಯತ್ಯಾಸ ಗಮನಿಸುತ್ತಾರೆ. ತುಘಲಕ್ ಅಲ್ಲಿ ಆಟ ಆಡುತ್ತಿಲ್ಲ, ಸಮಸ್ಯೆ ಬಿಡಿಸುತ್ತಿದ್ದಾನೆ. ಎರಡೂ ಬೇರೆ. ಸಮಸ್ಯೆಯಲ್ಲಿ ಎದುರಾಳಿ ಇಲ್ಲ. ಕಾಯಿಗಳು ಇಟ್ಟಲ್ಲೇ ಇರುತ್ತವೆ, ಉತ್ತರ ಒಂದೇ, ಅದು ಸಿಕ್ಕರೆ ಗೆದ್ದಂತೆ. ಆಟದಲ್ಲಿ ನಿಮ್ಮ ಅತ್ಯುತ್ತಮ ನಡೆಗೂ ಎದುರು ಕುಳಿತವನು ಒಂದು ಉತ್ತರ ಕೊಡುತ್ತಾನೆ, ಆ ಉತ್ತರ ನಿಮ್ಮ ಕೈಯಲ್ಲಿಲ್ಲ. ತುಘಲಕ್‌ನ ರಾಜಧಾನಿ ಸ್ಥಳಾಂತರ, ತಾಮ್ರದ ನಾಣ್ಯ ಎಲ್ಲವೂ ಕಾಗದದ ಮೇಲೆ ಸರಿಯಾಗಿರುವ ಪರಿಹಾರಗಳು. ನಾಟಕದಲ್ಲಿ ನಿಜವಾಗಿ ಆಟ ಆಡುವವನು ಅಗಸ ಅಜೀಜ. ಸುಲ್ತಾನ ನ್ಯಾಯದ ನಡೆ ಇಟ್ಟರೆ ಅವನು ಬ್ರಾಹ್ಮಣನ ವೇಷ ಹಾಕುತ್ತಾನೆ. ಸುಲ್ತಾನ ತಾಮ್ರದ ನಾಣ್ಯ ತಂದರೆ ಅವನು ಖೋಟಾ ನಾಣ್ಯ ಮಾಡುತ್ತಾನೆ. ಸುಲ್ತಾನ ಖಲೀಫರ ವಂಶದವನನ್ನು ಆಹ್ವಾನಿಸಿದರೆ ಅವನೇ ಆ ಅತಿಥಿಯಾಗಿ ಬಂದು ನಿಲ್ಲುತ್ತಾನೆ. ಪ್ರತಿ ನಡೆಗೂ ಒಂದು ಮರುನಡೆ. ಸಮಸ್ಯೆ ಬಿಡಿಸುವವನೊಬ್ಬ ಆಟ ಬಲ್ಲವನಿಗೆ ಸೋಲುವ ಕಥೆಯಾಗಿ 'ತುಘಲಕ್' ಅನ್ನು ಓದಬಹುದು ಎಂದು ನನಗೆ ಅನ್ನಿಸುತ್ತದೆ.

ನಮ್ಮ ಸೀಮೆಯವರಿಗೆ ಈ ನಾಟಕ ಓದುವಾಗ ಇನ್ನೊಂದು ನೆನಪೂ ಬರುತ್ತದೆ. ಇತಿಹಾಸದ ಮಹಮ್ಮದ್ ಬಿನ್ ತುಘಲಕ್‌ನ ಸೈನ್ಯ 1327ರ ಸುಮಾರಿಗೆ ಕಂಪಿಲಿ ರಾಜ್ಯದ ಮೇಲೆ ಬಂದು, ಗಂಗಾವತಿ ಸೀಮೆಯ ಕುಮ್ಮಟದುರ್ಗದ ಕುಮಾರರಾಮನ ಕಥೆಗೆ ಕೊನೆ ಬರೆಯಿತು. ಬಂಡೆದ್ದು ಬಂದ ಬಹಾವುದ್ದೀನನಿಗೆ ಕಂಪಿಲರಾಯ ಆಶ್ರಯ ಕೊಟ್ಟದ್ದೇ ಕಾರಣ. ದಿಲ್ಲಿಯ ಮಣೆಯಲ್ಲಿ ಅದು ಒಂದು ಕಾಯಿ ಹೊಡೆದ ಲೆಕ್ಕ. ಇಲ್ಲಿ ಅದು ಏಳು ನೂರು ವರ್ಷವಾದರೂ ಜನ ಹಾಡಿ ಮುಗಿಯದ ಕಥೆ. ಆಟವನ್ನು ರೂಪಕ ಮಾಡಿಕೊಂಡಾಗ ನಾವು ಯಾವಾಗಲೂ ದಿಲ್ಲಿಯ ಕಡೆ ಕುಳಿತು ನೋಡುತ್ತೇವೆ.

ಕಾರ್ನಾಡರ ರೂಪಕ ಸೂಕ್ಷ್ಮವಾಗಿತ್ತು. ಅದೇ ರೂಪಕ ಪತ್ರಿಕೆಯ ತಲೆಬರಹಕ್ಕೆ ಬಂದಾಗ 'ರಾಜಕೀಯ ಚದುರಂಗದಾಟ' ಆಯಿತು. ಯಾವ ಪಕ್ಷಾಂತರಕ್ಕೂ, ಯಾವ ಟಿಕೆಟ್ ಜಗಳಕ್ಕೂ ಚದುರಂಗದ ಚಿತ್ರವೇ. ಹೊರಗಿನ ಸಾಹಿತ್ಯವೂ ಆಟಗಾರನಿಗೆ ಹೆಚ್ಚು ನ್ಯಾಯ ಮಾಡಿಲ್ಲ. ಪ್ರೇಮಚಂದರ 'ಶತರಂಜ್ ಕೆ ಖಿಲಾಡಿ'ಯಲ್ಲಿ (1924) ರಾಜ್ಯ ಮುಳುಗುವಾಗ ಆಟದಲ್ಲಿ ಮುಳುಗಿದ ಇಬ್ಬರು ಜಮೀನ್ದಾರರಿದ್ದಾರೆ. ಸ್ಟೆಫಾನ್ ಜ್ವೈಗ್‌ನ 'ಚದುರಂಗದ ಕಥೆ'ಯಲ್ಲಿ ಒಬ್ಬ ಒರಟು ಜಗಜ್ಜೇತ, ಮತ್ತೆ ನಾಜಿಗಳ ಸೆರೆಯ ಒಂಟಿತನದಲ್ಲಿ ತನ್ನೊಡನೆ ತಾನೇ ಆಡಿ ಬುದ್ಧಿ ಕಳೆದುಕೊಳ್ಳುವ ಇನ್ನೊಬ್ಬ. ಎರಡೂ ದೊಡ್ಡ ಕಥೆಗಳೇ. ಆದರೆ ಎರಡರಲ್ಲೂ ಆಟಗಾರ ಒಂದೋ ಸೋಮಾರಿ, ಇಲ್ಲವೇ ಹುಚ್ಚ. ದಿನವೂ ಎಂಟು ತಾಸು ದುಡಿಯುವ ಕಸುಬುದಾರನಾಗಿ ಅವನು ಅಲ್ಲಿ ಬರುವುದಿಲ್ಲ.

ಕಸುಬುದಾರನಾಗಿ ನೋಡುವುದೆಂದರೆ ಹೇಗೆ? ವಿಶ್ವನಾಥನ್ ಆನಂದ್ ಅವರ ಉದಾಹರಣೆ ತೆಗೆದುಕೊಳ್ಳಿ. 1988ರಲ್ಲಿ ಭಾರತದ ಮೊದಲ ಗ್ರ್ಯಾಂಡ್‌ಮಾಸ್ಟರ್, ಐದು ಸಲ ವಿಶ್ವ ಚಾಂಪಿಯನ್. ಇದು ಪಟ್ಟಿ. ಈಗ ಒಂದು ನಡೆ ನೋಡಿ. ಆನಂದ್ ವೃತ್ತಿಯುದ್ದಕ್ಕೂ ಬಿಳಿ ಕಾಯಿ ಬಂದಾಗ ಹೆಚ್ಚಾಗಿ ರಾಜನ ಮುಂದಿನ ಕಾಲಾಳನ್ನೇ ಎರಡು ಮನೆ ಸರಿಸಿ ಆಟ ಶುರು ಮಾಡಿದವರು. 2008ರಲ್ಲಿ ಬಾನ್ ನಗರದಲ್ಲಿ ವ್ಲಾದಿಮಿರ್ ಕ್ರಾಮ್ನಿಕ್ ಎದುರು ವಿಶ್ವ ಕಿರೀಟಕ್ಕಾಗಿ ಕುಳಿತಾಗ ಅವರಿಗೆ ಮೂವತ್ತೆಂಟು ವರ್ಷ. ಆ ವಯಸ್ಸಿನಲ್ಲಿ, ಆ ವೇದಿಕೆಯಲ್ಲಿ, ಮೊದಲ ಸಲ ಬಿಳಿ ಕಾಯಿ ಬಂದಾಗ ಅವರು ಮಂತ್ರಿಯ ಮುಂದಿನ ಕಾಲಾಳನ್ನು ಸರಿಸಿದರು. ಕ್ರಾಮ್ನಿಕ್ ತಿಂಗಳುಗಟ್ಟಲೆ ಮಾಡಿಕೊಂಡು ಬಂದಿದ್ದ ಸಿದ್ಧತೆಯ ಬಹುಪಾಲು ಅಲ್ಲಿಗೇ ವ್ಯರ್ಥ. ಕಪ್ಪು ಕಾಯಿಯಲ್ಲಿ ಆನಂದ್ ಮೂರನೆಯ ಮತ್ತು ಐದನೆಯ ಆಟಗಳನ್ನು ಗೆದ್ದರು, ಪಂದ್ಯ 6.5–4.5ಕ್ಕೆ ಮುಗಿಯಿತು. ನಲವತ್ತರ ಹೊಸ್ತಿಲಲ್ಲಿ ತನ್ನ ಇಡೀ ಬದುಕಿನ ಅಭ್ಯಾಸವನ್ನು ಬಿಟ್ಟುಕೊಡುವುದು ಸುಲಭವಲ್ಲ, ಬರಹಗಾರರಿಗೆ ಇದು ಚೆನ್ನಾಗಿ ಗೊತ್ತು. ಆ ಒಂದು ಕಾಲಾಳಿನ ನಡೆಯಲ್ಲಿ ಪಟ್ಟಿ ಹೇಳದ ಆನಂದ್ ಇದ್ದಾರೆ. ಅವರ 'ಮೈಂಡ್ ಮಾಸ್ಟರ್' (2019) ನನಗೆ ಇಷ್ಟವಾಗಲು ಕಾರಣವೂ ಇದೇ. 2013ರಲ್ಲಿ ಸ್ವಂತ ಊರಾದ ಚೆನ್ನೈಯಲ್ಲೇ ಮ್ಯಾಗ್ನಸ್ ಕಾರ್ಲ್‌ಸನ್‌ಗೆ ಸೋತದ್ದನ್ನು ಅದು ದಾಟಿ ಹೋಗುವುದಿಲ್ಲ.

ನಡೆಗಳು ಉಳಿದದ್ದರಿಂದಲೇ ಬದುಕಿ ಉಳಿದ ಆಟಗಾರ ಸುಲ್ತಾನ್ ಖಾನ್. ಪಂಜಾಬಿನ ಜಮೀನ್ದಾರ ಉಮರ್ ಹಯಾತ್ ಖಾನ್ ಅವರ ಆಶ್ರಯದಲ್ಲಿದ್ದು, ಅವರೊಂದಿಗೆ 1929ರಲ್ಲಿ ಲಂಡನ್ನಿಗೆ ಹೋದವರು. ಅವರು ಮೊದಲು ಕಲಿತದ್ದು ನಮ್ಮ ಹಳೆಯ ದೇಶೀ ಚದುರಂಗ. ಅದರಲ್ಲಿ ಕಾಲಾಳು ಮೊದಲ ಸಲವೂ ಒಂದೇ ಮನೆ ಸರಿಯುತ್ತದೆ, ಆಟ ನಿಧಾನ. ಆದರೂ 1929, 1932, 1933ರಲ್ಲಿ ಬ್ರಿಟಿಷ್ ಚಾಂಪಿಯನ್ ಆದರು. ಹೇಸ್ಟಿಂಗ್ಸ್ ಪಂದ್ಯಾವಳಿಯಲ್ಲಿ ಮಾಜಿ ವಿಶ್ವ ಚಾಂಪಿಯನ್ ಕಾಪಾಬ್ಲಾಂಕಾ ಅವರನ್ನು ಸೋಲಿಸಿದರು. 1933ರಲ್ಲೇ ಧಣಿಯ ಜತೆ ಊರಿಗೆ ಮರಳಿದ ಮೇಲೆ ಅವರ ಅಂತರರಾಷ್ಟ್ರೀಯ ಆಟ ಮುಗಿಯಿತು. ಅವರು ಆತ್ಮಕಥೆ ಬರೆಯಲಿಲ್ಲ. ಅವರ ಬಗ್ಗೆ ಬರೆದವರೆಲ್ಲ ಇತರರು, ಬಹಳ ಮಂದಿ ಅವರನ್ನು 'ಸೇವಕ' ಎಂಬ ಪದದಲ್ಲೇ ಕಟ್ಟಿಹಾಕಿದರು. ಕಾಪಾಬ್ಲಾಂಕಾ ಎದುರಿನ ಆಟವನ್ನು ಓದಿದರೆ ಆ ಪದ ಹರಿದು ಬೀಳುತ್ತದೆ. ಅಲ್ಲಿ ಅವಸರವಿಲ್ಲ, ಹೆದರಿಕೆಯಿಲ್ಲ. ಒಬ್ಬ ರೈತ ಹೊಲದ ಬದು ಹಾಕಿದಂತೆ ಒಂದೊಂದೇ ಕಡೆಯಿಂದ ಎದುರಾಳಿಯ ದಾರಿ ಮುಚ್ಚುತ್ತ ಹೋಗುತ್ತಾರೆ. 1966ರಲ್ಲಿ ತೀರಿಕೊಂಡ ಅವರಿಗೆ ಅಂತರರಾಷ್ಟ್ರೀಯ ಚೆಸ್ ಒಕ್ಕೂಟವಾದ ಫಿಡೆ ಗೌರವ ಗ್ರ್ಯಾಂಡ್‌ಮಾಸ್ಟರ್ ಪದವಿ ಕೊಟ್ಟದ್ದು 2024ರಲ್ಲಿ. ಅಷ್ಟು ಕಾಲ ಅವರ ಪರವಾಗಿ ಸಾಕ್ಷಿ ಹೇಳುತ್ತಿದ್ದದ್ದು ಆ ಆಟಗಳು ಮಾತ್ರ.

ಕರ್ನಾಟಕದ ಕಡೆಗೆ ಬರೋಣ. ರಾಜ್ಯದ ಮೊದಲ ಗ್ರ್ಯಾಂಡ್‌ಮಾಸ್ಟರ್ ಮೈಸೂರಿನ ಎಂ. ಎಸ್. ತೇಜಕುಮಾರ್. ಅವರು ಆ ಪದವಿ ಪಡೆದದ್ದು 2017ರಲ್ಲಿ, ಆನಂದ್ ಆದ ಇಪ್ಪತ್ತೊಂಬತ್ತು ವರ್ಷಗಳ ನಂತರ. ರೈಲ್ವೆ ನೌಕರಿ ಮಾಡುತ್ತ, ಮೂವತ್ತು ದಾಟಿದ ಮೇಲೆ. ಆಮೇಲೆ ಜಿ. ಎ. ಸ್ಟ್ಯಾನಿ, ಗಿರೀಶ್ ಕೌಶಿಕ್ ಬಂದರು. 2022ರಲ್ಲಿ ಬೆಂಗಳೂರಿನ ಪ್ರಣವ್ ಆನಂದ್ ಹದಿನೈದನೆಯ ವಯಸ್ಸಿಗೇ ಗ್ರ್ಯಾಂಡ್‌ಮಾಸ್ಟರ್ ಆದರು, ಅದೇ ವರ್ಷ ಹದಿನಾರರ ಒಳಗಿನವರ ವಿಶ್ವ ಚಾಂಪಿಯನ್ ಕೂಡ. ಬೆಳ್ತಂಗಡಿಯ ಈಶಾ ಶರ್ಮಾ ರಾಜ್ಯದ ಮೊದಲ ಮಹಿಳಾ ಗ್ರ್ಯಾಂಡ್‌ಮಾಸ್ಟರ್.

ಈ ಸಾಲಿನಲ್ಲಿ ನಮ್ಮ ಬರಹಗಳು ಹೆಚ್ಚು ಹೊಗಳುವುದು 'ಅತಿ ಕಿರಿಯ'ರನ್ನು. ಕಿರಿಯರ ಸಾಧನೆ ಸಣ್ಣದಲ್ಲ. ಆದರೆ ವಯಸ್ಸನ್ನೇ ಅಳತೆಗೋಲು ಮಾಡಿಕೊಂಡರೆ ತೇಜಕುಮಾರ್ ಅವರದು 'ತಡವಾದ' ಸಾಧನೆಯಾಗಿ ಕಾಣುತ್ತದೆ. ಯಾಕೆ ತಡ ಎಂದು ಕೇಳಬೇಕಲ್ಲ? ಗ್ರ್ಯಾಂಡ್‌ಮಾಸ್ಟರ್ ಆಗಲು ರೇಟಿಂಗ್ 2500 ಮುಟ್ಟಬೇಕು. ಜತೆಗೆ ಸಾಮಾನ್ಯವಾಗಿ ಮೂರು 'ನಾರ್ಮ್' ಬೇಕು. ಒಂದು ನಾರ್ಮ್ ಎಂದರೆ ಒಂದು ಪಂದ್ಯಾವಳಿಯಲ್ಲಿ 2600 ಮಟ್ಟದ ಆಟ. ಎದುರಾಳಿಗಳಲ್ಲಿ ಕನಿಷ್ಠ ಮೂವರಾದರೂ ಗ್ರ್ಯಾಂಡ್‌ಮಾಸ್ಟರ್‌ಗಳು ಇರಬೇಕು, ಬೇರೆ ದೇಶಗಳವರೂ ಇರಬೇಕು. ಅಂಥ ಎದುರಾಳಿಗಳು ಸಿಗುವುದು ದೊಡ್ಡ ಪಂದ್ಯಾವಳಿಗಳಲ್ಲಿ, ಬಹಳ ಸಲ ಯುರೋಪಿನಲ್ಲಿ. ವೀಸಾ, ವಿಮಾನ, ವಸತಿ, ತರಬೇತುದಾರರ ಶುಲ್ಕ, ನೌಕರಿಯಲ್ಲಿ ರಜೆ. ಪದವಿಯ ಹಿಂದೆ ಇರುವುದು ಪ್ರತಿಭೆಯ ಜತೆಗೆ ಈ ಲೆಕ್ಕ. ನೌಕರಿ ಮಾಡುತ್ತ ಈ ಲೆಕ್ಕ ತೀರಿಸಿದವನ ಕಥೆ ಕುಷ್ಟಗಿಯ ಹುಡುಗನಿಗೆ ಹನ್ನೆರಡನೆಯ ವಯಸ್ಸಿಗೆ ಗ್ರ್ಯಾಂಡ್‌ಮಾಸ್ಟರ್ ಆದವನ ಕಥೆಗಿಂತ ಹೆಚ್ಚು ಉಪಯೋಗಕ್ಕೆ ಬರುತ್ತದೆ. ಹನ್ನೆರಡು ದಾಟಿದ ದಿನವೇ 'ಇನ್ನು ನನ್ನಿಂದ ಆಗದು' ಎಂದುಕೊಳ್ಳುವ ಮಕ್ಕಳನ್ನು ನಮ್ಮ ಈ 'ಅತಿ ಕಿರಿಯ'ದ ಭಾಷೆಯೇ ತಯಾರಿಸುತ್ತಿದೆ.

ಶಿವಮೊಗ್ಗದ ಕಿಶನ್ ಗಂಗೊಳ್ಳಿ ಅವರ ವೃತ್ತಿ ಇನ್ನೊಂದು ಪಾಠ. ಅಂಧರ ರಾಷ್ಟ್ರೀಯ ಚಾಂಪಿಯನ್‌ಷಿಪ್ ಅನ್ನು ಹಲವು ಬಾರಿ ಗೆದ್ದವರು ಅವರು. ಅವರ ಬಗ್ಗೆ ಬರೆಯುವಾಗ 'ಕಣ್ಣಿಲ್ಲದಿದ್ದರೂ' ಎಂಬಲ್ಲಿಂದ ವಾಕ್ಯ ಶುರುವಾಗಿ ಕರುಣೆಯಲ್ಲಿ ಮುಗಿಯುತ್ತದೆ. ಆ ಆಟ ನಡೆಯುವ ಬಗೆ ನೋಡಿ. ಆಟಗಾರ ತನ್ನದೇ ಬೇರೆ ಮಣೆ ಇಟ್ಟುಕೊಳ್ಳುತ್ತಾನೆ. ಅದರಲ್ಲಿ ಕಪ್ಪು ಮನೆಗಳು ತುಸು ಎತ್ತರ, ಕಾಯಿಗಳನ್ನು ಸಿಕ್ಕಿಸಲು ರಂಧ್ರಗಳು. ಇಬ್ಬರೂ ತಮ್ಮ ಪ್ರತಿ ನಡೆಯನ್ನು ಬಾಯಿಬಿಟ್ಟು ಹೇಳಬೇಕು, ಎದುರಾಳಿ ಅದನ್ನು ಮರಳಿ ಹೇಳಿ ತನ್ನ ಮಣೆಯ ಮೇಲೆ ಇಡಬೇಕು. ಅಂದರೆ ಅಲ್ಲಿ ಆಟವೇ ಮಾತಾಗುತ್ತದೆ. ನುಡಿದದ್ದೇ ನಡೆ. 'ನಡೆ ನುಡಿ ಒಂದಾಗಬೇಕು' ಎಂದು ವಚನಗಳ ಪಾಠದಲ್ಲಿ ಹೇಳಿಕೊಡುವ ನಾವು ಅದು ಇಷ್ಟು ಅಕ್ಷರಶಃ ನಡೆಯುವ ಜಾಗವನ್ನು ಗಮನಿಸಿಯೇ ಇಲ್ಲ.

ಒಂದು ಆಕ್ಷೇಪ ಬರುತ್ತದೆ: ನಡೆಗಳನ್ನು ಬರೆದರೆ ಎಷ್ಟು ಜನ ಓದುತ್ತಾರೆ? ಆಟ ಗೊತ್ತಿಲ್ಲದವರಿಗೆ ಅಂಕಿ ಅಕ್ಷರಗಳ ಸಾಲು ಏನು ಹೇಳುತ್ತದೆ? ನ್ಯಾಯವಾದ ಪ್ರಶ್ನೆ. ಆದರೆ ರಾಗ ಗೊತ್ತಿಲ್ಲದವರಿಗೂ ಮಲ್ಲಿಕಾರ್ಜುನ ಮನ್ಸೂರರ ಬಗ್ಗೆ ಕನ್ನಡದಲ್ಲಿ ಚೆನ್ನಾಗಿ ಬರೆಯಲಾಗಿದೆ. ಬರೆಯುವವನಿಗೆ ಗೊತ್ತಿದ್ದರೆ ಸಾಕು. ಪ್ರಯತ್ನಿಸಿ ನೋಡೋಣ.

2024ರ ಡಿಸೆಂಬರ್ 12, ಸಿಂಗಪುರ. ವಿಶ್ವ ಚಾಂಪಿಯನ್‌ಷಿಪ್‌ನ ಹದಿನಾಲ್ಕನೆಯ, ಕೊನೆಯ ಆಟ. ಚೀನಾದ ಡಿಂಗ್ ಲಿರೆನ್ ಬಿಳಿ, ಹದಿನೆಂಟರ ಗುಕೇಶ್ ಕಪ್ಪು. ಅಂಕ ಸಮ. ಮಣೆಯ ಮೇಲೆ ಇಬ್ಬರಿಗೂ ಒಂದೊಂದು ಆನೆ, ಒಂದೊಂದು ಒಂಟೆ. ಗುಕೇಶ್‌ಗೆ ಒಂದು ಕಾಲಾಳು ಹೆಚ್ಚು. ಡಿಂಗ್ ಸರಿಯಾಗಿ ಆಡಿದರೆ ಆಟ ಡ್ರಾ, ಇದು ನೋಡುತ್ತಿದ್ದ ಎಲ್ಲರಿಗೂ ಗೊತ್ತು. ಐವತ್ತೈದನೆಯ ನಡೆಯಲ್ಲಿ ಡಿಂಗ್ ತಮ್ಮ ಆನೆಯನ್ನು ಎದುರಾಳಿಯ ಆನೆಯ ಎದುರಿಗೇ ತಂದರು. ಆನೆಗಳು ಹೋದವು. ಡಿಂಗ್ ಅವರ ಒಂಟೆ ಮಣೆಯ ಮೂಲೆಯಲ್ಲಿ ಸಿಕ್ಕಿಕೊಂಡಿತ್ತು. ಗುಕೇಶ್ ತಮ್ಮ ಒಂಟೆಯನ್ನು ಅದರ ದಾರಿಗೆ ಅಡ್ಡ ಇಟ್ಟರು, ಒಂಟೆಗಳೂ ಹೋದವು. ಉಳಿದದ್ದು ರಾಜರು ಮತ್ತು ಕಾಲಾಳುಗಳು. ಈಗ ಆ ಒಂದು ಹೆಚ್ಚಿನ ಕಾಲಾಳು ಸಾಕು. ಐವತ್ತೆಂಟನೆಯ ನಡೆಗೆ ಡಿಂಗ್ ಸೋಲೊಪ್ಪಿದರು.

ಮರುದಿನ ಹಲವರು ಇದನ್ನು ಅದೃಷ್ಟ ಎಂದರು, ಡಿಂಗ್ ಎಡವಿದರು ಎಂದರು. ಎಡವಿದ್ದು ನಿಜ. ಆದರೆ ದಾಖಲೆಯನ್ನು ಮೊದಲಿಂದ ಓದಿದವರಿಗೆ ಇನ್ನೊಂದು ಕಥೆ ಕಾಣುತ್ತದೆ. ಡ್ರಾ ಒಪ್ಪಿಕೊಂಡು ಮರುದಿನದ ವೇಗದ ಆಟಗಳಿಗೆ ಹೋಗುವುದು ಸುಲಭವಾಗಿತ್ತು. ಗುಕೇಶ್ ಆ ಒಂದು ಕಾಲಾಳನ್ನು ಹಿಡಿದು ತಾಸುಗಟ್ಟಲೆ ಪ್ರಶ್ನೆ ಕೇಳುತ್ತಲೇ ಇದ್ದರು. ಎದುರಾಳಿ ಪ್ರತಿ ಸಲವೂ ಸರಿ ಉತ್ತರ ಕೊಡಬೇಕಿತ್ತು, ಒಂದು ಸಲ ಕೊಡಲಿಲ್ಲ. ಇದು ತುಘಲಕ್‌ಗೆ ಗೊತ್ತಿಲ್ಲದ, ಅಜೀಜನಿಗೆ ಗೊತ್ತಿದ್ದ ವಿದ್ಯೆ. ಗೆದ್ದ ಮೇಲೆ ಗುಕೇಶ್ ಅಳುತ್ತಲೇ ಕಾಯಿಗಳನ್ನು ಮೊದಲಿನ ಜಾಗಗಳಲ್ಲಿ ಒಂದೊಂದಾಗಿ ಜೋಡಿಸಿಟ್ಟರು. ಎಲ್ಲರೂ ಕಣ್ಣೀರಿನ ಚಿತ್ರ ಹಾಕಿದರು. ನನಗೆ ಆ ಜೋಡಿಸಿಟ್ಟದ್ದು ನೆನಪಿದೆ.

ಆನೆಗೊಂದಿಯಿಂದ ಹೊಳೆ ದಾಟಿ ಹಂಪಿಗೆ ಹೋದರೆ ಮಂಟಪಗಳ ಹಾಸುಗಲ್ಲುಗಳ ಮೇಲೆ ಹಳೆಯ ಆಟದ ಮಣೆಗಳು ಕೊರೆದಿರುವುದು ಕಾಣುತ್ತದೆ. ಯಾರು ಆಡಿದರು, ಯಾರು ಗೆದ್ದರು, ಯಾವ ಚತುರ ನಡೆಗೆ ಸುತ್ತ ಕುಳಿತವರು ಭೇಷ್ ಅಂದರು, ಒಂದೂ ಉಳಿದಿಲ್ಲ. ಆ ಕಾಲಕ್ಕೆ ಬೇರೆ ದಾರಿ ಇರಲಿಲ್ಲವೆನ್ನೋಣ. ಈಗ ಒಂದು ಪೆನ್ನು, ಒಂದು ಹಾಳೆ ಸಾಕು. ಶಾಲಾ ಪಂದ್ಯಗಳಲ್ಲಿ ಮಕ್ಕಳು ನಡೆ ಬರೆದುಕೊಳ್ಳಲಿ. ಆಟಗಾರರ ಬಗ್ಗೆ ಲೇಖನ ಬರೆಯುವವರು ಒಂದು ಆಟವನ್ನಾದರೂ, ಒಂದು ನಡೆಯನ್ನಾದರೂ ಓದಿ ಬರೆಯಲಿ. ಆನೆ, ಒಂಟೆ, ಕುದುರೆ, ಮಂತ್ರಿ, ಕಾಲಾಳು ಎಂಬ ಪದಗಳು ನಮ್ಮಲ್ಲಿ ಸಿದ್ಧವಾಗಿಯೇ ಇವೆ.

ಮರುವರ್ಷದ ಕ್ರೀಡಾಕೂಟಕ್ಕೆ ನಾನು ಗೆರೆ ಹಾಕಿದ ಹಾಳೆಗಳನ್ನು ಹಿಡಿದುಕೊಂಡು ಹೋದೆ. ಆ ಹುಡುಗಿ ಬಂದಿರಲಿಲ್ಲ. ಹತ್ತನೆಯ ತರಗತಿ, ಪರೀಕ್ಷೆಯ ವರ್ಷ, ಮನೆಯಲ್ಲಿ ಬೇಡ ಅಂದಿದ್ದಾರೆ ಎಂದು ಅವಳ ಗೆಳತಿ ಹೇಳಿದಳು. ಆನೆ ಬಲಿಕೊಟ್ಟ ಆ ಆಟದ ಮೊದಲ ಏಳೆಂಟು ನಡೆಗಳು ನನ್ನ ಹಳೆಯ ಡೈರಿಯಲ್ಲಿವೆ. ಮುಂದಿನದು ಖಾಲಿ.